ಬೆನ್ನು ಯಾರ ಕಡೆಗೆ

“ಪಿಯಾನೊ ತಿರುಗಿಸೋ, ಹುಡುಗ. ನಿನ್ನ ಮುಖ ನಮ್ಮವರ ಕಡೆಗಿರಲಿ” ಎಂದ ಊರಿನ ಪೊಲೀಸ್ ಮುಖ್ಯಸ್ಥ, ಷರೀಫ್.

ಪಿಯಾನೊ ನುಡಿಸುತ್ತ ಹಾಡುವ ರಾಸ್ಕೊಗೆ ಮೂವತ್ತು ದಾಟಿತ್ತು. ಯುದ್ಧದಲ್ಲಿ ಫ್ರಾನ್ಸಿನ ಕೆಸರಿನಲ್ಲಿ ಲಾರಿ ಓಡಿಸಿ ಬಂದವನು. ಆದರೂ ಅಮೆರಿಕದ ಜಾರ್ಜಿಯಾದ ಆ ಷರೀಫನಿಗೆ ಕರಿಯರೆಲ್ಲ ಹುಡುಗರೇ. ಹಾಡು ಕುಣಿತಕ್ಕೆಂದು ತಂಬಾಕಿನ ಗೋದಾಮನ್ನು ಖಾಲಿ ಮಾಡಿ, ನಟ್ಟನಡುವೆ ಹಗ್ಗ ಕಟ್ಟಿ, ಬಲಕ್ಕೆ ಬಿಳಿಯರನ್ನು, ಎಡಕ್ಕೆ ಕರಿಯರನ್ನು ನಿಲ್ಲಿಸಿದ್ದರು.

ಷರೀಫ್ ಹೇಳಿದಂತೆ ಕೂತರೆ ಎಡಗಡೆಯವರಿಗೆ ಕಾಣುವುದು ರಾಸ್ಕೊನ ಬೆನ್ನು ಮಾತ್ರ. ಅಲ್ಲೇ ಮುಂದಿನ ಬೆಂಚಿನಲ್ಲಿ ಅವನನ್ನು ಸಾಕಿದ ಅಜ್ಜಿ ಲುವಿನಿಯಾ ಕೂತಿದ್ದಳು. ಈ ಸಂಗೀತ ಸೈತಾನನದ್ದು ಎಂದು ವರ್ಷಗಟ್ಟಲೆ ಬೈದವಳು, ಮೊಮ್ಮಗ ಕಾಡಿ ಬೇಡಿದ ಮೇಲೆ ಚರ್ಚಿನ ಟೋಪಿ ಹಾಕಿಕೊಂಡು ಮೊದಲ ಸಲ ಬಂದಿದ್ದಳು.

ಡ್ರಮ್ ಬಾರಿಸುವ ಓಥಾ, ಗಂಟುಮೂಟೆ ಕಟ್ಟಿ ಹೊರಟುಬಿಡೋಣ ಎಂದ.

“ಬೇಡ ಕಣೋ” ಎಂದ ರಾಸ್ಕೊ. “ಅಜ್ಜಿ ಇನ್ನೊಂದ್ಸಲ ಬರಲ್ಲ.”

ಇಬ್ಬರೂ ಸೇರಿ ಆ ಗಿಡ್ಡ ಪಿಯಾನೊ ತಿರುಗಿಸಿದರು. ಮೊದಲ ಹಾಡಿಗೇ ಬಲಗಡೆಯ ಹುಡುಗ ಹುಡುಗಿಯರು ಕುಣಿಯತೊಡಗಿದರು. ಎಡಗಡೆಯ ಚಪ್ಪಾಳೆ ಬೆನ್ನಿಗೆ ಬಂದು ಬೀಳುತ್ತಿತ್ತು. ಎರಡನೆಯ ಹಾಡಿನ ನಡುವೆ ಅವನಿಗೆ ತಡೆಯಲಾಗಲಿಲ್ಲ. ಸ್ಟೂಲನ್ನು ಕಾಲಿನಿಂದ ಆಚೆ ತಳ್ಳಿ ಎದ್ದು, ಅಜ್ಜಿಯ ಕಡೆ ತಿರುಗಿ, ಕೈಗಳನ್ನು ಹಿಂದಕ್ಕೆ ಚಾಚಿ ತಡಕಾಡುತ್ತಲೇ ನುಡಿಸಿದ. ನಾಲ್ಕಾರು ಸ್ವರ ತಪ್ಪಿದವು. ಅವನ್ನು ಮುಚ್ಚಲು ಓಥಾ ಇನ್ನಷ್ಟು ಜೋರಾಗಿ ಬಾರಿಸಿದ.

ಬಿಳಿಯರ ಮಕ್ಕಳು ಕೇಕೆ ಹಾಕಿದರು. ಹೀಗೆ ನುಡಿಸುವವನನ್ನು ಅವರು ಕಂಡೇ ಇರಲಿಲ್ಲ. ಇದೂ ಒಂದು ಆಟವೆಂದುಕೊಂಡು ಷರೀಫನೂ ನಕ್ಕ. ಆಗ ಜುಟ್ಟಿನ ಹುಡುಗಿಯೊಬ್ಬಳು, ಅವನ ಮುಖ ನೋಡಬೇಕೆಂಬ ಆಸೆಗೆ, ಬಗ್ಗಿ ಹಗ್ಗ ದಾಟಿ ಎಡಕ್ಕೆ ಓಡಿಬಂದಳು. ಅವಳ ಹಿಂದೆ ಇನ್ನಿಬ್ಬರು, ಆಮೇಲೆ ಒಂದು ಹಿಂಡೇ. ವಾಪಸ್ ಬನ್ನಿ ಎಂದು ಷರೀಫ್ ಕೂಗಿದ್ದು ಯಾರ ಕಿವಿಗೂ ಬೀಳಲಿಲ್ಲ.

ಹುಡುಗಿ ಏದುಸಿರು ಬಿಡುತ್ತಾ ಅಜ್ಜಿಯ ಬೆಂಚಿನ ಮುಂದೆಯೇ ನಿಂತಳು. ತಮ್ಮವರ ಒಂದು ಮೊಣಕೈ ತಪ್ಪಿ ಅವಳಿಗೆ ತಗುಲಿದರೂ ಬಿಳಿಯರು ಜೀವ ತೆಗೆದಾರೆಂದು ರಾಸ್ಕೊಗೆ ಗೊತ್ತಿತ್ತು. ಸುತ್ತ ಇದ್ದವರು ಒಂದೊಂದು ಹೆಜ್ಜೆ ಹಿಂದಕ್ಕೆ ಸರಿದರು.

ಅಜ್ಜಿ ಮಾತ್ರ ಕೈಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಪಕ್ಕಕ್ಕೆ ಜರುಗಿದಳು. ಹಾಡಿನ ಎರಡು ಸಾಲುಗಳ ನಡುವಿನ ಬಿಡುವಿನಲ್ಲಿ ಅವಳ ದನಿ ಅವನಿಗೂ ಕೇಳಿಸಿತು:

“ಕೂತ್ಕೊಳಮ್ಮ. ನೀನು ಅಡ್ಡ ನಿಂತ್ರೆ ನನ್ನ ಮೊಮ್ಮಗ ಕಾಣ್ಸಲ್ಲ.”