ಪಾಳಿ ಸೋಬಾನೆ

ಫೋನಿನಲ್ಲಿ ಪುಟ್ಟಿಯ ಸೊಲ್ಲು ಮುಗಿಯಿತು. ಜಗಲಿಯಲ್ಲಿ ಕುಳಿತಿದ್ದ ಸುಂದ್ರಮ್ಮ ಅದನ್ನೇ ಎಳೆದು ಹಾಡಿ, ಮುಂದಿನ ಸೊಲ್ಲಿಗೆ ಕಿವಿಗೊಟ್ಟಳು. ಫೋನು ಸುಮ್ಮನಿತ್ತು.

“ಇದೇನಮ್ಮಿ, ನಾ ಇಡ್ಕಂಡು ಹಾಡ್ದೆ, ಅವ್ಳು ಸುಮ್ಕವ್ಳಲ್ಲ?”

“ಅದು ಬೆಳಿಗ್ಗೆ ಅಡ್ಗೆ ಮಾಡ್ತ ಹಾಡಿ ಕಳ್ಸಿದ್ದು ಕಣಜ್ಜಿ,” ಎಂದಳು ಫೋನು ಹಿಡಿದಿದ್ದ ಚಂದ್ರಮತಿ. “ಪುಟ್ಟಿ ಈಗ ಮಿಷಿನ್ ಮುಂದೆ ಅವ್ಳೆ.”

“ಬೆಳಿಗ್ಗೆ ಹಾಡಿದ್ಕೆ ಸಂದೆಗೆ ಸೊಲ್ಲು ಕೊಡಕ್ಕೆ ನಾನೇನು ಪೋಸ್ಟಾಪೀಸಾ? ನನ್ನ ಬುಟ್ಬುಡು. ಶ್ರುತಿ ಮದ್ವೆಗೆ ಡಿಜೆ ತರ್ಸ್ಕಳಿ.”

ಚಂದ್ರಮತಿಗೆ ದಿಗಿಲಾಯಿತು. ಮದುವೆ ಭಾನುವಾರ. ಹೊಸ ಸೋಬಾನೆ ಕಟ್ಟದೆ ಆ ಬೀದಿಯಿಂದ ಒಂದು ಹೆಣ್ಣನ್ನೂ ಕಳಿಸಿದ್ದಿಲ್ಲ. ಮೊದಲೆಲ್ಲ ಸಂಜೆ ಇದೇ ಜಗಲಿಯಲ್ಲಿ ಎಂಟು ಹೆಂಗಸರು ಕುಳಿತು ಚೆಂಡುಹೂವಿನ ಜೊತೆ ಹಾಡನ್ನೂ ಕಟ್ಟುತ್ತಿದ್ದರು. ಒಬ್ಬಳು ಎತ್ತಿದ ಸೊಲ್ಲನ್ನು ಉಳಿದವರು ಎಳೆಯುವಷ್ಟರಲ್ಲಿ ಇನ್ನೊಬ್ಬಳ ಬಾಯಲ್ಲಿ ಮುಂದಿನದು ಸಿದ್ಧವಾಗಿರುತ್ತಿತ್ತು. ತಪ್ಪಿದವಳ ತೊಡೆಗೆ ಚಿವುಟು, ಎಲ್ಲರಿಗೂ ನಗು. ಈಗ ಆರು ಜನ ಬದನಗುಪ್ಪೆಯ ಗಾರ್ಮೆಂಟ್ಸಿಗೆ ಹೋಗುತ್ತಾರೆ, ಎರಡು ಪಾಳಿಯಲ್ಲಿ. ಸುಂದ್ರಮ್ಮನೂ ಕೈಬಿಟ್ಟರೆ ಅಲ್ಲಿಗೆ ಮುಗಿಯಿತು.

ಮರುದಿನ ಮಧ್ಯಾಹ್ನ ಚಂದ್ರಮತಿ ಸುಂದ್ರಮ್ಮನ ಕೈಹಿಡಿದು ಕಂಪನಿ ಬಸ್ಸು ನಿಲ್ಲುವಲ್ಲಿಗೆ ಕರೆತಂದಳು. ಮೊದಲ ಪಾಳಿಯವರು ಇಳಿಯುತ್ತಿದ್ದರು, ಎರಡನೆಯವರು ಹತ್ತಲು ಕಾದಿದ್ದರು. ಆರೂ ಜನ ಒಂದೆಡೆ ಇರುವುದು ಆ ಐದು ನಿಮಿಷ ಮಾತ್ರ.

“ಎತ್ತಜ್ಜಿ, ಬಸ್ಸು ಒಂಟೋಯ್ತದೆ,” ಎಂದಳು ಹತ್ತಲು ನಿಂತಿದ್ದ ಪುಟ್ಟಿ.

“ನಡುಬೀದೀಲಾ? ಮಾನ ಕಳೀತೀರ ಕಣ್ರಮ್ಮಿ,” ಎಂದು ಸುಂದ್ರಮ್ಮ ಅತ್ತಿತ್ತ ನೋಡಿದಳು. ಆಮೇಲೆ ಸೆರಗು ಬಿಗಿದು ಎತ್ತಿಯೇ ಬಿಟ್ಟಳು:

“ಚೆಂಡುವ್ವ ಕುಯ್ದ ಕೈ ಸೂಜೀಗೆ ದಾರ ಪೋಣಿಸ್ಯಾವೆ...”

ಇಳಿದವರು ಹಿಡಿದು ಎಳೆದರು. ಅದು ಮುಗಿಯುವ ಮೊದಲೇ ಬಸ್ಸಿನ ಮೆಟ್ಟಿಲ ಮೇಲಿದ್ದವರು ಎತ್ತಿದರು:

“ದಾರ ಮುಗಿಯೋ ಮುಂಚೆ ತವರೀಗೆ ಬಾರವ್ವ...”

ಡ್ರೈವರ್ ಹಾರನ್ ಒತ್ತಿದ.

“ಒಡಿಯಂಗಿದ್ರೆ ತಾಳಕ್ಕೆ ಸರ್ಯಾಗಿ ಒಡಿಲಾ!” ಎಂದು ಸುಂದ್ರಮ್ಮ ಗದರಿದಳು.

ಬಸ್ಸು ಹೊರಟಿತು. ಕಿಟಕಿಗಳಿಂದ ಬರುತ್ತಿದ್ದ ಹಾಡು ದೂರವಾಗುತ್ತ ಸಣ್ಣಗಾಯಿತು. ಬಸ್ಸಿಗೆ ಕೆರೆಯ ಏರಿ ಇನ್ನೂ ಅಷ್ಟು ದೂರವಿರುವಾಗಲೇ ಸೊಲ್ಲು ಮುಗಿದು ಬರೀ ಇಂಜಿನ್ನಿನ ಸದ್ದು ಉಳಿಯಿತು.

ಸುಂದ್ರಮ್ಮ ಹುಬ್ಬಿಗೆ ಕೈ ಅಡ್ಡ ಹಿಡಿದು ನೋಡುತ್ತಲೇ ನಿಂತಿದ್ದಳು.

“ಸೊಲ್ಲು ಗಿಡ್ಡ ಆಯ್ತು ಕಣಮ್ಮಿ. ನಾಳಿಕೆ ಉದ್ದುಕ್ ಕಟ್ಬೇಕು. ಬಸ್ಸು ಕೆರೆ ಏರಿ ದಾಟಗಂಟ ಬರ್ಬೇಕು.”