ಬಿರುಕಿನ ಜರಿಗಿಡ

ಮುರಕಲ್ಲಿನ ಬಂಡೆಯಿಂದ ಇನ್ನೂ ನೀರು ಇಳಿಯುತ್ತಿತ್ತು. ಮಗಳು ಸುಪ್ರೀತಾಳ ಜೊತೆ ಬಂದ ಪ್ರೊಫೆಸರ್ ಮೇಡಂ ಕಣ್ಣಿಗೆ ಬೀಳದಂತೆ ಚಂದ್ರಮತಿ ತೆಂಗಿನ ಕಡ್ಡಿಯ ಹಿಡಿಸೂಡಿಯನ್ನು ಬೆನ್ನ ಹಿಂದೆ ಅಡಗಿಸಿಕೊಂಡು ನಕ್ಕಳು. "ದೊಡ್ಡವ್ರ್ ಬಪ್ಪತಿಗೆ ಗಲೀಜ್ ಇಪ್ಪುಕಾಗ ಅಂದೇಳಿ ತಿಕ್ಕಿ ತೊಳ್ದೆ."

ಸುಪ್ರೀತಾ ಖಾಲಿ ಬಿರುಕಿಗೆ ಬೆರಳಿಟ್ಟಳು. ಕೆರಾಡಿ ಊರಲ್ಲೆಲ್ಲ ಹುಡುಕಿದರೂ ಆ ಅಪರೂಪದ ಜರಿಗಿಡ ಇದ್ದದ್ದು ಇಲ್ಲೊಂದೇ ಕಡೆ. ಅವಳು ಕಳಿಸಿದ ಫೋಟೋ ನೋಡಿ, ಗಿಡ ಬಂಡೆಯಲ್ಲಿ ಬದುಕಿರುವುದನ್ನು ಕಣ್ಣಾರೆ ಕಂಡರೆ ಕಲ್ಲುಕೋರೆ ನಿಲ್ಲಿಸಲು ಬರೆದುಕೊಡುತ್ತೇನೆ ಎಂದಿದ್ದರು ಮೇಡಂ. ಈಗ ಅವರು ಕ್ಯಾಮೆರಾ ಮುಚ್ಚಿದರು. ಹಿಡಿಸೂಡಿಯ ಕಡ್ಡಿಗಳ ನಡುವೆ ಹಸಿರು ಚೂರೊಂದು ಸಿಕ್ಕಿಕೊಂಡಿತ್ತು.

ಆಚೆ ಕೋರೆಯ ಯಂತ್ರ ಶುರುವಾಯಿತು. ಚಂದ್ರಮತಿ ಮಗಳತ್ತ ಬಗ್ಗಿ ಪಿಸುಗುಟ್ಟಿದಳು:

"ಮೇಡಂ ಕಂಡ್ರಲೆ? ಇನ್ನ್ ಕೋರೆ ನಿಲ್ತ್, ಅಲ್ದಾ?"