ಜೀವಂತ ನಿರ್ದೇಶಕರಿಗೆ ಅಂತಿಮ ನಮನ

ತಮ್ಮದೇ ಶವಸಂಸ್ಕಾರಕ್ಕೆ ನಿರ್ದೇಶಕ ಸುಗನಾಮಿ ಒಂದು ಗಂಟೆ ಮೊದಲೇ ಬಂದು ಕೂತಿದ್ದರು. ಬದುಕಿರುವಾಗಲೇ ಈ ಕಾರ್ಯ ಮುಗಿಸಿಕೊಳ್ಳುವುದು ಟೋಕಿಯೋದ ವಯಸ್ಸಾದವರಲ್ಲಿ ಈಚೆಗೆ ಬಂದ ರೂಢಿ. ಬಿಳಿ ಸೇವಂತಿಗೆ, ಊದುಬತ್ತಿ, ಕಪ್ಪು ಪಟ್ಟಿ ಕಟ್ಟಿದ ಭಾವಚಿತ್ರ ಎಲ್ಲ ಇದ್ದವು. ಭಾವಚಿತ್ರದ ಪಕ್ಕದಲ್ಲೇ ಅದರ ಮನುಷ್ಯನೂ ಇದ್ದ.

"ಆ ಹೂವು ಇನ್ನೊಂದು ಚೂರು ಎಡಕ್ಕೆ."

"ಸತ್ತವರು ತೆಪ್ಪಗಿರಬೇಕು ಕಣ್ರೀ," ಎಂದಳು ಹೆಂಡತಿ ಫುಸಾಯೆ.

ಎಂಬತ್ತೊಂದು ವರ್ಷ, ಇಪ್ಪತ್ತಮೂರು ಚಿತ್ರ. ಇಪ್ಪತ್ತನಾಲ್ಕನೆಯದು ಕಡಲಲ್ಲಿ ಮುಳುಗಿ ಚಿಪ್ಪು ಹೆಕ್ಕುತ್ತಿದ್ದ ಅವರ ತಾಯಿಯ ಕಥೆ. ಅದರ ಚಿತ್ರಕಥೆ ಹನ್ನೊಂದು ವರ್ಷದಿಂದ ನಿರ್ಮಾಪಕ ಹಮಾಸಾಕಿಯ ಮೇಜಿನ ಮೇಲೆ ಧೂಳು ತಿನ್ನುತ್ತಿತ್ತು. ಕೇಳಿದಾಗಲೆಲ್ಲ ಅವನು ನಯವಾಗಿ ನಕ್ಕು, "ಖಂಡಿತ ಪರಿಶೀಲಿಸುತ್ತೇವೆ" ಎನ್ನುತ್ತಿದ್ದ. ಹಾಗೆಂದರೆ ಆಗುವುದಿಲ್ಲ ಎಂದು ಆ ಊರಿನ ಹಸುಗೂಸಿಗೂ ಗೊತ್ತು. ಈಚೆಗಂತೂ ಭೇಟಿಗೂ ಸಿಗುತ್ತಿರಲಿಲ್ಲ. ಆದರೆ ಕರೆದ ಸಾವಿಗೆ ತಪ್ಪಿಸಿಕೊಳ್ಳುವಷ್ಟು ಎದೆಗಾರಿಕೆ ಅಲ್ಲಿ ಯಾವ ನಿರ್ಮಾಪಕನಿಗೂ ಇಲ್ಲ. ನೂರು ಜನರೆದುರು ಅವನ ಬಾಯಿಂದಲೇ ಮಾತು ಹೊರಡಿಸಬೇಕೆಂಬುದು ಮುದುಕರ ಹೂಟ. ಅಮ್ಮನ ಚಿತ್ರ ಮಾಡದೆ ಸಾಯಲು ಅವರಿಗೆ ನಿಜಕ್ಕೂ ಭಯವಿತ್ತು.

ಹಮಾಸಾಕಿ ಬಂದ. ಭಾವಚಿತ್ರಕ್ಕೆ ಕೈಮುಗಿದ, ಪಕ್ಕದಲ್ಲಿದ್ದವರನ್ನು ನೋಡಲೂ ಇಲ್ಲ. ಮೈಕಿನ ಮುಂದೆ ಗದ್ಗದಿತನಾದ.

"ಗುರುಗಳು ಇನ್ನೊಂದೇ ಒಂದು ವರ್ಷ ಇದ್ದಿದ್ದರೆ ಆ ಚಿತ್ರವನ್ನು ಮನೆ ಮಾರಿಯಾದರೂ ಮಾಡಿಸುತ್ತಿದ್ದೆ. ಈ ಕೊರಗು ನನ್ನನ್ನು ಸುಡುಗಾಡಿನ ತನಕ ಬಿಡುವುದಿಲ್ಲ!"

ಅಳು ತುಸು ಅತಿಯಾಯಿತು, ಇನ್ನೊಂದು ಟೇಕ್ ಬೇಕು ಎನ್ನಿಸಿತು ಸುಗನಾಮಿಯವರಿಗೆ. ಆದರೂ ಜೀವನದಲ್ಲಿ ಮೊದಲ ಸಲ 'ಕಟ್' ಎನ್ನಲಿಲ್ಲ. ಕುರ್ಚಿ ಹಿಡಿದು ಎದ್ದು ನಿಂತರು.

"ಹಮಾಸಾಕಿ, ಎಲ್ಲರೂ ಕೇಳಿಸ್ಕೊಂಡಿದ್ದಾರೆ. ನಾನಿನ್ನೂ ಗುಂಡುಕಲ್ಲಿನ ಹಾಗೆ ಇದ್ದೀನಲ್ಲಪ್ಪ, ಶುರು ಮಾಡೋಣ್ವಾ?"

ಸಭೆ ಚಪ್ಪಾಳೆ ತಟ್ಟಿತು. ಹಮಾಸಾಕಿ ಕಣ್ಣೊರೆಸಿಕೊಂಡು ಹತ್ತಿರ ಬಂದು ದನಿ ತಗ್ಗಿಸಿದ.

"ಗುರುಗಳೇ, ಚಿತ್ರ ಆಗೇ ಆಗುತ್ತೆ. ಹೋದ ವರ್ಷವೇ ತೀರ್ಮಾನ ಆಗಿದೆ. ನಿಮ್ಮ ಶಿಷ್ಯ ಅಸಾಹಿನಾ ಮಾಡ್ತಾನೆ. ಪೋಸ್ಟರೂ ರೆಡಿ: 'ಅಗಲಿದ ಮಹಾನ್ ನಿರ್ದೇಶಕನ ಕೊನೆಯ ಕನಸು'."

"ಅಗಲಿದ?"

"ಅದಕ್ಕೇ ಕಾಯ್ತಾ ಇದ್ದೀವಿ."

ಫುಸಾಯೆಗೆ ರೇಗಿಹೋಯಿತು.

"ಅಂದ್ರೆ ಇವರು ಬದುಕಿರೋದೇ ನಿಮಗೆ ಅಡ್ಡಿಯಾ?"

"ಬಿಡ್ತು ಅನ್ನಿ ಅಮ್ಮಾ, ಎಂಥ ಮಾತು! ಗುರುಗಳು ನೂರು ವರ್ಷ ಬಾಳಲಿ."

ಹಮಾಸಾಕಿ ಸೊಂಟ ಬಗ್ಗಿಸಿ ವಂದಿಸಿದ. ಬಗ್ಗಿದಲ್ಲಿಂದಲೇ ಮೆಲ್ಲಗೆ ಸೇರಿಸಿದ: "ಆದ್ರೆ ಮಾರ್ಚ್ ಒಳಗಾದ್ರೆ ಅನುಕೂಲ. ಏಪ್ರಿಲಿಗೆ ಹೊಸ ಬಜೆಟ್ಟು."